ಬೀದಿಯ ಕುಚೋದ್ಯವೂ ಶರಣರ ಸದಾಚಾರವೂ

ನಗೆಯು ಶಿವನು ಮಾನವನಿಗೆ ಕರುಣಿಸಿದ ವರಗಳಲ್ಲೊಂದು. ದುಡಿದು ದಣಿದ ಒಕ್ಕಲಿಗನಿಗೆ ಸಂಜೆಯ ಕಟ್ಟೆಯ ಮೇಲಿನ ನಗೆಯು ಔಷಧಿ. ದುಃಖದಲ್ಲಿರುವ ಮನೆಗೆ ಬಂಧುವೊಬ್ಬನು ತರುವ ನಗೆಯು ದೀಪ. ಆದರೆ ದೀಪವು ಗರ್ಭಗುಡಿಯನ್ನೂ ಬೆಳಗುತ್ತದೆ, ಹುಲ್ಲಿನ ಬಣವೆಯನ್ನೂ ಸುಡುತ್ತದೆ. ವರವು ಯಾವ ಕೈಯಲ್ಲಿದೆ, ಆ ಕೈಯ ಹಿಂದೆ ಎಂತಹ ಮನಸ್ಸಿದೆ ಎಂಬುದರ ಮೇಲೆ ಅದರ ಫಲವು ನಿಂತಿದೆ. ಈ ತಿಂಗಳ ಪಾಠಕ್ಕೆ ನಾನು ಆರಿಸಿಕೊಂಡ ವಿಷಯವು ಕೆಲವು ವಾಚಕರಿಗೆ ಹಗುರವೆಂದು ತೋರಬಹುದು. ಬೀದಿಯಲ್ಲಿ ಹೋಗುವವರನ್ನು ಬೆದರಿಸಿ, ಬೆಪ್ಪು ಮಾಡಿ, ಅದನ್ನು ಮೊಬೈಲಿನಲ್ಲಿ ಚಿತ್ರಿಸಿ ಲೋಕಕ್ಕೆಲ್ಲ ಹಂಚುವ ‘ಪ್ರ್ಯಾಂಕ್ ವಿಡಿಯೋ’ ಎಂಬ ಹೊಸ ಚೇಷ್ಟೆಯೇ ಆ ವಿಷಯ. ಮಠದ ಪತ್ರಿಕೆಗೆ ಇದೇತಕ್ಕೆ ಎನ್ನಬೇಡಿರಿ. ಅದು ನಮ್ಮ ಮನೆಗಳ ಜಗಲಿಗೆ ಬಂದು ಕುಳಿತಿದೆ. ನಮ್ಮ ಮಕ್ಕಳ ಕೈಯಲ್ಲಿದೆ. ನಮ್ಮ ಕೈಯಲ್ಲಿಯೂ ಇದೆ.

ಪ್ರಶ್ನೆ ಹುಟ್ಟಿದ ಬಗೆ

ಕಳೆದ ಶ್ರಾವಣದಲ್ಲಿ ಒಂದು ಸೋಮವಾರ ಪ್ರಸಾದ ಮುಗಿಸಿ ಜಗಲಿಯ ಮೇಲೆ ನಾಲ್ಕಾರು ಮಂದಿ ಕುಳಿತಿದ್ದೆವು. ಸಿಂಧನೂರಿನಿಂದ ಬಂದ ಭಕ್ತರೊಬ್ಬರು ತಮ್ಮ ಮೊಬೈಲನ್ನು ಮುಂದೆ ಹಿಡಿದು, ‘ಇದನ್ನೊಂದಿಷ್ಟು ನೋಡ್ರಿ’ ಎಂದರು. ಲಿಂಗಸುಗೂರಿನ ಸಂತೆ, ಪಲ್ಲೆಯ ಬುಟ್ಟಿಯನ್ನಿಟ್ಟುಕೊಂಡು ಕುಳಿತ ಮುದುಕಿ. ಗಿರಾಕಿಯಂತೆ ಬಂದ ಹುಡುಗನೊಬ್ಬನು ಮೆಂತ್ಯದ ಸಿವುಡನ್ನು ಎತ್ತುವ ನೆಪದಲ್ಲಿ ಬುಟ್ಟಿಯೊಳಗೆ ರಬ್ಬರಿನ ಹಾವನ್ನಿಟ್ಟನು. ಮುದುಕಿಯು ಕೈಯಿಟ್ಟಳು, ಚೀರಿದಳು, ಹಿಂದಕ್ಕೆ ಬಿದ್ದಳು. ಬುಟ್ಟಿಯು ಮಗುಚಿ ಸೊಪ್ಪೆಲ್ಲ ಚರಂಡಿಯ ಪಾಲಾಯಿತು. ಅವಳು ಬೀಳುವ ಗಳಿಗೆಯನ್ನು ಮತ್ತೆ ಮತ್ತೆ, ನಿಧಾನವಾಗಿ ತೋರಿಸಿ, ಕೊನೆಗೆ ಜನರು ನಗುವ ಸದ್ದನ್ನು ಕೂಡಿಸಿದ್ದರು. ಎಲ್ಲ ಸೇರಿ ಅರೆ ನಿಮಿಷವೂ ಇಲ್ಲ.

ಜಗಲಿಯ ಮೇಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆನು. ಇದನ್ನು ಮುಚ್ಚಿಟ್ಟು ನಿಮಗೆ ಪಾಠ ಹೇಳಿದರೆ ಅದು ಹುಸಿಯ ಪಾಠವಾದೀತು. ಎರಡನೆಯ ಸಲ ತೋರಿಸಿದಾಗ ಮುಖವನ್ನು ಗುರುತಿಸಿದೆನು. ಹಬ್ಬ ಹುಣ್ಣಿಮೆಗಳಲ್ಲಿ ಶ್ರೀಮಠದ ದಾಸೋಹಕ್ಕೆಂದು ಒಂದು ಹಿಡಿ ಸೊಪ್ಪನ್ನು ಹಣ ಪಡೆಯದೆ ಕೊಟ್ಟುಹೋಗುವ ತಾಯಿಯೇ ಅವಳು. ಮೊದಲ ಸಲ ನಾನು ಅವಳನ್ನು ನೋಡಿರಲಿಲ್ಲ. ಒಂದು ಆಟಿಕೆಯನ್ನು ನೋಡಿದ್ದೆನು. ಹಾವನ್ನಿಟ್ಟ ಹುಡುಗನು ಯಾರೆಂದೂ ಆಗಲೇ ತಿಳಿಯಿತು: ಕೆಲವು ವರ್ಷಗಳ ಹಿಂದೆ ನಮ್ಮ ಪಾಠಶಾಲೆಯಲ್ಲಿ ಓದಿ, ಶಬ್ದರೂಪಗಳನ್ನು ತಪ್ಪಿಲ್ಲದೆ ಒಪ್ಪಿಸುತ್ತಿದ್ದ ಶಿಷ್ಯನು.

ಅವನನ್ನು ಕರೆಯಿಸಿದೆನು. ಬಂದನು, ನಮಸ್ಕರಿಸಿದನು, ಅಂಜದೆ ಕೇಳಿದನು: ‘ಗುರುಗಳೇ, ನಗಿಸುವುದು ಪಾಪವೇ? ನಾನು ಅಜ್ಜಿಯನ್ನು ಹೊಡೆಯಲಿಲ್ಲ, ಬಯ್ಯಲಿಲ್ಲ, ಕದಿಯಲಿಲ್ಲ. ಸಾವಿರಾರು ಜನ ನೋಡಿ ನಕ್ಕಿದ್ದಾರೆ. ನೀವೂ ನಕ್ಕಿರಿ ಎಂದು ಕೇಳಿದೆ.’ ಪ್ರಶ್ನೆಯು ಸರಳವಾಗಿದೆ. ಉತ್ತರವನ್ನು ಮಾತ್ರ ಕ್ರಮವಾಗಿ ವಿಚಾರಿಸಬೇಕು.

ಇದರ ಪೂರ್ವಾಪರ

ಅರಿಯದವನನ್ನು ಮೋಸಗೊಳಿಸಿ ಮರೆಯಿಂದ ಚಿತ್ರಿಸುವ ವಿನೋದವು ಮೊಬೈಲಿನೊಂದಿಗೆ ಹುಟ್ಟಿದುದಲ್ಲ. ಅಮೆರಿಕದಲ್ಲಿ ಆಲನ್ ಫಂಟ್ ಎಂಬವರು 1947ರಲ್ಲಿ ರೇಡಿಯೋದಲ್ಲಿ, 1948ರಿಂದ ಟೆಲಿವಿಷನ್ನಿನಲ್ಲಿ ಇದನ್ನು ನಡೆಸಿದರು; ಮುಂದೆ ಅದು ‘ಕ್ಯಾಂಡಿಡ್ ಕ್ಯಾಮೆರಾ’ ಎಂಬ ಹೆಸರನ್ನು ಪಡೆಯಿತು. ನಮ್ಮ ದೇಶದಲ್ಲಿ ಎಂ ಟಿವಿ ವಾಹಿನಿಯು ‘ಬಕ್ರಾ’ ಎಂಬ ಕಾರ್ಯಕ್ರಮವನ್ನು ತೋರಿಸಿತು. ‘ಅವನನ್ನು ಬಕ್ರಾ ಮಾಡಿದರು’ ಎಂಬ ಮಾತು ನಮ್ಮ ಹಳ್ಳಿಗಳ ತರುಣರ ಬಾಯಿಗೂ ಬಂದಿದೆ. ಆಡನ್ನು ಬಲಿಗೆ ಕೊಡುವಾಗ ಯಾರೂ ಅದರ ಒಪ್ಪಿಗೆಯನ್ನು ಕೇಳುವುದಿಲ್ಲ. ಹೆಸರಿನಲ್ಲಿಯೇ ಅರ್ಥವಡಗಿದೆ.

ಈಗ ವ್ಯತ್ಯಾಸವಾದುದು ಮೂರು ಸಂಗತಿಗಳಲ್ಲಿ. ಮೊದಲನೆಯದು, ಅಂದು ಚಿತ್ರಿಸಲು ದೊಡ್ಡ ಸಂಸ್ಥೆ ಬೇಕಾಗಿತ್ತು. ಇಂದು ಕಿಸೆಯಲ್ಲಿರುವ ಮೊಬೈಲು ಸಾಕು. ಎರಡನೆಯದು, ಸಂಸ್ಥೆಗಳು ನಗೆಗೆ ಗುರಿಯಾದವನಿಂದ ಒಪ್ಪಿಗೆಯ ಸಹಿಯನ್ನು ಪಡೆಯುವ ಪದ್ಧತಿಯಿತ್ತು. ಬೀದಿಯ ಹುಡುಗನಿಗೆ ಆ ಕಟ್ಟಿಲ್ಲ. ಮೂರನೆಯದು ಹಣ. 2020ರ ಜೂನ್ ಕೊನೆಯಲ್ಲಿ ಭಾರತ ಸರ್ಕಾರವು ಟಿಕ್‌ಟಾಕ್ ಮೊದಲಾದ 59 ಅಪ್ಲಿಕೇಶನ್ನುಗಳನ್ನು ನಿಷೇಧಿಸಿತು. ಅದರ ಮರುತಿಂಗಳಲ್ಲಿಯೇ ಇನ್‌ಸ್ಟಾಗ್ರಾಮ್ ‘ರೀಲ್ಸ್’ ಅನ್ನೂ, ಸೆಪ್ಟೆಂಬರಿನಲ್ಲಿ ಯೂಟ್ಯೂಬ್ ‘ಶಾರ್ಟ್ಸ್’ ಅನ್ನೂ ಇಲ್ಲಿ ತೆರೆದವು. ಅಲ್ಲಿಂದ ಮುಂದೆ ಕಿರುಚಿತ್ರಗಳ ಪ್ರವಾಹವೇ ಹರಿಯಿತು. ಯೂಟ್ಯೂಬಿನ ಜಾಹೀರಾತಿನ ಆದಾಯದಲ್ಲಿ ಪಾಲು ದೊರೆಯಲು ಸಾವಿರ ಮಂದಿ ಚಂದಾದಾರರು ಬೇಕು. ಅದರೊಡನೆ ಒಂದು ವರ್ಷದಲ್ಲಿ ನಾಲ್ಕು ಸಾವಿರ ಗಂಟೆಗಳ ವೀಕ್ಷಣೆ, ಇಲ್ಲವೇ 90 ದಿನಗಳಲ್ಲಿ ಕಿರುಚಿತ್ರಗಳಿಗೆ ಒಂದು ಕೋಟಿ ನೋಟಗಳು ಬೇಕು. ಈ ಮೆಟ್ಟಿಲನ್ನು ಹತ್ತಬೇಕಾದ ಹುಡುಗನು ನಿನ್ನೆಗಿಂತ ಇಂದು ಹೆಚ್ಚು ಚೀರಿಸಬೇಕು, ಇಂದಿಗಿಂತ ನಾಳೆ ಹೆಚ್ಚು ಬೀಳಿಸಬೇಕು. ಚೇಷ್ಟೆಯು ಕ್ರೌರ್ಯದ ಕಡೆಗೆ ಜಾರುವುದು ಈ ಇಳಿಜಾರಿನಿಂದಲೇ.

ಜಾರಿದ ನಿದರ್ಶನಗಳು ನಮ್ಮ ರಾಜ್ಯದಲ್ಲಿಯೇ ಇವೆ. 2019ರ ನವೆಂಬರಿನಲ್ಲಿ ಬೆಂಗಳೂರಿನ ಯಶವಂತಪುರದ ಕಡೆ ಏಳು ಮಂದಿ ತರುಣರು ಬಿಳಿಯ ವಸ್ತ್ರ ತೊಟ್ಟು ಭೂತಗಳ ವೇಷದಲ್ಲಿ, ನಡುರಾತ್ರಿಯ ನಂತರ ದಾರಿಹೋಕರನ್ನೂ ಆಟೋ ಚಾಲಕರನ್ನೂ ಬೆದರಿಸಿ ಚಿತ್ರಿಸುತ್ತಿದ್ದರು. ಪೊಲೀಸರು ಅವರನ್ನು ಬಂಧಿಸಿದರು. ಮುಂದೆ ಜಾಮೀನು ದೊರೆಯಿತು. ಆ ಹೊತ್ತಿನಲ್ಲಿ ಬೀದಿಯಲ್ಲಿರುವವರು ಯಾರು? ಮಲಗಲು ಮನೆಯಿಲ್ಲದವರು ಮತ್ತು ರಾತ್ರಿಪಾಳಿಯಲ್ಲಿ ದುಡಿಯುವವರು. ಯೂಟ್ಯೂಬ್ ಸಂಸ್ಥೆಯೂ ಅದೇ 2019ರ ಆರಂಭದಲ್ಲಿ, ಪ್ರಾಣಕ್ಕೆ ಅಪಾಯವಿದೆಯೆಂದು ನಂಬಿಸುವ ಚೇಷ್ಟೆಗಳಿಗೂ ಮಕ್ಕಳ ಮನಸ್ಸಿಗೆ ತೀವ್ರ ನೋವು ಮಾಡುವ ಚೇಷ್ಟೆಗಳಿಗೂ ತನ್ನಲ್ಲಿ ಎಡೆಯಿಲ್ಲವೆಂದು ಸ್ಪಷ್ಟಪಡಿಸಿತ್ತು. ನಿಯಮವು ಪುಸ್ತಕದಲ್ಲಿದೆ, ಚೇಷ್ಟೆಯು ಬೀದಿಯಲ್ಲಿದೆ.

ಜನರು ಏಕೆ ನೋಡುವರು?

ದೋಷವನ್ನು ಹೇಳುವ ಮುನ್ನ ಆಕರ್ಷಣೆಯನ್ನು ಅರಿಯಬೇಕು. ರೋಗದ ಸವಿಯನ್ನು ಅರಿಯದ ವೈದ್ಯನ ಪಥ್ಯವನ್ನು ಯಾರೂ ಪಾಲಿಸರು.

ಭರತಮುನಿಯು ನಾಟ್ಯಶಾಸ್ತ್ರದಲ್ಲಿ ಹಾಸ್ಯರಸಕ್ಕೆ ವಿಕೃತವಾದ ವೇಷ, ಧಾರ್ಷ್ಟ್ಯ, ಅಸಂಬದ್ಧವಾದ ಮಾತು, ಪರರ ದೋಷವನ್ನು ಎತ್ತಿ ತೋರಿಸುವುದು ಮೊದಲಾದವುಗಳನ್ನು ಕಾರಣಗಳೆಂದು ಹೇಳಿರುವನು. ನಗೆಯನ್ನು ಸ್ಮಿತ, ಹಸಿತ, ವಿಹಸಿತ, ಉಪಹಸಿತ, ಅಪಹಸಿತ, ಅತಿಹಸಿತ ಎಂದು ಆರು ಬಗೆಯಾಗಿ ವಿಂಗಡಿಸಿ, ಎರಡೆರಡನ್ನು ಉತ್ತಮ, ಮಧ್ಯಮ, ಅಧಮ ಪ್ರಕೃತಿಗಳಿಗೆ ಹಂಚಿರುವನು. ತಾನೇ ನಗುವುದು ಆತ್ಮಸ್ಥ, ಪರನನ್ನು ನಗಿಸುವುದು ಪರಸ್ಥ ಎಂಬ ಭೇದವೂ ಉಂಟು. ಬೀದಿಯ ಕುಚೋದ್ಯದಲ್ಲಿ ಈ ಎರಡರಲ್ಲಿ ಯಾವುದೂ ನೆಟ್ಟಗಿಲ್ಲ: ಎದುರಿಗಿರುವವನು ನಗುವುದಿಲ್ಲ, ನಗುವವನು ಎದುರಿಗಿಲ್ಲ.

ಇನ್ನೊಂದು ಕಾರಣವು ಗುಟ್ಟಿನ ಪಾಲುಗಾರಿಕೆ. ಬುಟ್ಟಿಯಲ್ಲಿರುವುದು ರಬ್ಬರಿನ ಹಾವೆಂದು ನನಗೆ ಗೊತ್ತು, ಮುದುಕಿಗೆ ಗೊತ್ತಿಲ್ಲ. ಆ ಗಳಿಗೆಯಲ್ಲಿ ನಾನು ಅವಳಿಗಿಂತ ಮೇಲಿನ ಮೆಟ್ಟಿಲಿನಲ್ಲಿ ಕುಳಿತಿರುವೆನು. ಬದುಕಿನಲ್ಲಿ ಸಾಹುಕಾರನ ಮುಂದೆ, ಅಧಿಕಾರಿಯ ಮುಂದೆ, ಮಳೆಯ ಮುಂದೆ, ಸಾಲದ ಮುಂದೆ ದಿನವೂ ತಲೆಬಾಗುವ ಮನುಷ್ಯನಿಗೆ ಯಾರೋ ಒಬ್ಬರು ತನಗಿಂತ ಬೆಪ್ಪಾದರೆಂಬ ಈ ಅರೆ ನಿಮಿಷದ ದೊರೆತನವು ಬಹಳ ರುಚಿ. ಅದನ್ನು ಶರಣರು ಮದವೆಂದು ಕರೆದರು. ಮದವು ಕುದುರೆಯ ಮೇಲೆ ಬರುವುದೆಂದೇ ನಾವು ತಿಳಿದಿದ್ದೆವು. ಅದು ಅಂಗೈಯಲ್ಲಿ ಹಿಡಿಸುವಷ್ಟು ಚಿಕ್ಕದಾಗಿಯೂ ಬರುತ್ತದೆ.

ಭಯವು ಹುಸಿಯೆಂದು ತಿಳಿದೊಡನೆ ಎದೆಯು ಹಗುರಾಗುವ ಸುಖವೂ ಒಂದುಂಟು. ಆ ಸುಖವು ನ್ಯಾಯವಾದುದೇ. ಹೆದರಿದವನೂ ಅದರಲ್ಲಿ ಪಾಲುಗೊಂಡರೆ ದೋಷವಿಲ್ಲ. ಗೆಳೆಯರು ಗೆಳೆಯನನ್ನು ಮರೆಯಿಂದ ಬೆಚ್ಚಿಬೀಳಿಸಿ, ಅನಂತರ ಅವನೂ ಕೂಡಿ ನಗುವಲ್ಲಿ ಯಾವ ಗುರುವೂ ದಂಡ ಹಿಡಿಯಬೇಕಾಗಿಲ್ಲ. ನಾನು ನಗೆಯನ್ನು ನಿಷೇಧಿಸಲು ಬರೆಯುತ್ತಿಲ್ಲ.

ಹಗಲುವೇಷದವರ ನೀತಿ

ನಮ್ಮ ರಾಯಚೂರು, ಕೊಪ್ಪಳ, ಬಳ್ಳಾರಿ ಸೀಮೆಗಳಲ್ಲಿ ಹಗಲುವೇಷದವರನ್ನು ಕಾಣದ ಹಿರಿಯರಿಲ್ಲ. ಜಂಗಮ ಪರಂಪರೆಯ ಅನೇಕ ಕುಟುಂಬಗಳು ಈ ಕಲೆಯನ್ನು ಕಾಪಾಡಿಕೊಂಡು ಬಂದಿವೆ. ರಾಮ, ಭೀಮರ ವೇಷದಲ್ಲಿ ಹಾರ್ಮೋನಿಯಂ ತಬಲಗಳೊಡನೆ ಮನೆಮನೆಗೆ ಬರುವರು. ಕೆಲವೊಮ್ಮೆ ಪೊಲೀಸಿನವನೋ ಸರ್ಕಾರದ ಅಧಿಕಾರಿಯೋ ಆಗಿ ಬಂದು ಮನೆಯವರನ್ನು ಗಳಿಗೆಹೊತ್ತು ಗಾಬರಿಗೊಳಿಸುವುದೂ ಉಂಟು. ಇದೂ ಒಂದು ಬಗೆಯ ಮೋಸವೇ ಅಲ್ಲವೇ? ಆದರೂ ಊರು ಅವರ ಮೇಲೆ ಮುನಿಯಲಿಲ್ಲ. ಕಾಳು ಕಾಸು ಕೊಟ್ಟು, ಮತ್ತೆ ಬನ್ನಿರೆಂದು ಕಳುಹಿಸಿತು.

ಕಾರಣವನ್ನು ವಿಚಾರಿಸೋಣ. ಹಗಲುವೇಷದವನು ಅದೇ ಬಾಗಿಲಲ್ಲಿ, ಅದೇ ಗಳಿಗೆಯಲ್ಲಿ ವೇಷವನ್ನು ಕಳಚುತ್ತಾನೆ. ಗಾಬರಿಗೊಂಡವನೇ ಅವನ ಪ್ರೇಕ್ಷಕನು. ಮೊದಲ ನಗೆಯು ಅವನದು. ವೇಷವನ್ನು ತೊಟ್ಟು ವಿಕಾರವಾಗುವವನು ಕಲಾವಿದನೇ ಹೊರತು ಮನೆಯ ಯಜಮಾನನಲ್ಲ. ಕೊನೆಯಲ್ಲಿ ಕೈಯೊಡ್ಡಿ ಬೇಡುವವನೂ ಅವನೇ; ಕೊಡುವ ದೊಡ್ಡತನವನ್ನು ಮನೆಯವರಿಗೇ ಬಿಡುತ್ತಾನೆ. ಮರುವರ್ಷ ಅದೇ ಬಾಗಿಲಿಗೆ ಬರಬೇಕಾದುದರಿಂದ ಅವನ ಕುಚೋದ್ಯಕ್ಕೆ ಮಿತಿಯುಂಟು. ಹೋಳಿಯ ಹುಡುಗರಿಗೂ ಹೀಗೆಯೇ ಒಂದು ಎಲ್ಲೆಯಿದೆ. ಕಾಮನನ್ನು ಸುಡಲು ಕುಳ್ಳು ಕಟ್ಟಿಗೆಗಳನ್ನು ಕದಿಯುವರು, ಹಲಗೆ ಬಾರಿಸಿ ಬಾಯಿ ಬಡಿದುಕೊಳ್ಳುವರು. ಊರು ಬಯ್ಯುತ್ತಲೇ ನಗುತ್ತದೆ. ಆ ಸಲಿಗೆಗೆ ತಿಥಿಯಿದೆ. ಬೂದಿ ಆರಿದೊಡನೆ ಅದು ಮುಗಿಯುತ್ತದೆ.

ಇಂದಿನ ಚೇಷ್ಟೆಗೆ ಬಾಗಿಲೂ ಇಲ್ಲ, ತಿಥಿಯೂ ಇಲ್ಲ. ನಮ್ಮ ಮಸ್ಕಿಯ ಗುಡ್ಡದ ಬಂಡೆಯನ್ನು ನೆನೆಯಿರಿ. 1915ರಲ್ಲಿ ಚಿನ್ನದ ನಿಕ್ಷೇಪವನ್ನು ಅರಸುತ್ತ ಬಂದ ಬೀಡನ್ ಎಂಬ ಎಂಜಿನಿಯರರು ಅಲ್ಲಿ ಬ್ರಾಹ್ಮೀಲಿಪಿಯ ಶಾಸನವನ್ನು ಕಂಡರು. ದೇವಾನಾಂಪ್ರಿಯನೆಂಬವನು ಅಶೋಕನೇ ಎಂದು ಹೆಸರು ಸಹಿತ ಮೊದಲಿಗೆ ತಿಳಿಸಿಕೊಟ್ಟುದು ಆ ಶಾಸನವೇ. ದೊಡ್ಡವರಿಗೆ ಮಾತ್ರವಲ್ಲ, ಅಲ್ಪರೆನಿಸಿಕೊಂಡವರಿಗೂ ಧರ್ಮದಿಂದ ಉನ್ನತಿಯುಂಟೆಂಬುದು ಅದರ ಭಾವ. ಎರಡು ಸಾವಿರದ ಇನ್ನೂರು ವರ್ಷಗಳಿಗೂ ಮಿಕ್ಕಿ ಆ ಮಾತು ಅಳಿಯದೆ ನಿಂತಿದೆ. ಇಂದು ಹುಡುಗನು ಬೆರಳಿನಿಂದ ಒತ್ತಿ ಹರಿಯಬಿಟ್ಟ ಚಿತ್ರವೂ ಸುಲಭವಾಗಿ ಅಳಿಯದು; ಅವನು ಅಳಿಸಿದರೂ ಕಂಡವರ ಮೊಬೈಲಿನಲ್ಲಿ ಅದರ ಪ್ರತಿಯು ಉಳಿಯುತ್ತದೆ. ಚಕ್ರವರ್ತಿಯು ಅಲ್ಪರನ್ನು ಎತ್ತುವ ಮಾತನ್ನು ಕೊರೆಯಿಸಿದನು. ನಾವು ಅಲ್ಪರು ಬಿದ್ದ ಗಳಿಗೆಯನ್ನು ಕೊರೆಯುತ್ತಿದ್ದೇವೆ.

ಪೂರ್ವಪಕ್ಷಗಳು ಮತ್ತು ಸಮಾಧಾನ

ಚೇಷ್ಟೆಯ ಪರವಾಗಿ ಹೇಳುವ ಮಾತುಗಳನ್ನು ತಳ್ಳಿಹಾಕದೆ ಒಂದೊಂದಾಗಿ ನೋಡುವುದು ಶಾಸ್ತ್ರಕ್ರಮ.

ಮೊದಲನೆಯ ಪಕ್ಷ: ‘ಹಾನಿಯೇನೂ ಆಗಲಿಲ್ಲವಲ್ಲ.’ ಹಾನಿಯನ್ನು ಅಳೆಯುವವರು ಯಾರು? ಹಾವು ಪೇಟೆಯವನಿಗೆ ಆಟದ ವಸ್ತುವಾಗಿರಬಹುದು. ತುಂಗಭದ್ರೆಯ ಎಡದಂಡೆಯ ಕಾಲುವೆಯ ನೀರಿನಲ್ಲಿ ಭತ್ತ ಬೆಳೆಯುವ ಸಿಂಧನೂರಿನ ಸೀಮೆಯಲ್ಲಿ, ಕತ್ತಲೆಯಲ್ಲಿ ಬದುವಿನ ಮೇಲೆ ನಡೆಯುವವರಿಗೆ ಅದು ಹಾಸ್ಯವಲ್ಲ. ಬೆದರಿಕೆಯ ಆಳವು ಬೆದರಿಸುವವನಿಗೆ ಮೊದಲೇ ತಿಳಿಯದು. 2012ರ ಡಿಸೆಂಬರಿನಲ್ಲಿ ಆಸ್ಟ್ರೇಲಿಯದ ರೇಡಿಯೋ ನಿರೂಪಕರಿಬ್ಬರು ಲಂಡನ್ನಿನ ಆಸ್ಪತ್ರೆಯೊಂದಕ್ಕೆ ರಾಣಿಯ ಮತ್ತು ರಾಜಕುಮಾರನ ಹೆಸರಿನಿಂದ ಹುಸಿ ಕರೆ ಮಾಡಿದರು. ನಂಬಿ ಕರೆಯನ್ನು ಮುಂದಕ್ಕೆ ಕೊಟ್ಟವರು ನಮ್ಮ ಕರಾವಳಿಯ ಮೂಲದ ದಾದಿ. ಜಗತ್ತೆಲ್ಲ ನಕ್ಕಿತು. ಮೂರು ದಿನಗಳಲ್ಲಿ ಆ ತಾಯಿಯು ಪ್ರಾಣವನ್ನು ಕಳೆದುಕೊಂಡರು. ಉಡುಪಿ ಜಿಲ್ಲೆಯ ಶಿರ್ವದಲ್ಲಿ ಅವರ ಅಂತ್ಯಕ್ರಿಯೆ ನಡೆಯಿತು. ಒಂದು ಜೀವವು ಏಕೆ ಕುಸಿಯಿತೆಂದು ಒಂದೇ ಕಾರಣವನ್ನು ಹೇಳಲು ಯಾರಿಂದಲೂ ಆಗದು. ಆ ನಿರೂಪಕರಿಗೆ ಕೊಲ್ಲುವ ಉದ್ದೇಶವು ಕನಸಿನಲ್ಲಿಯೂ ಇರಲಿಲ್ಲ. ಆದುದರಿಂದಲೇ ಈ ನಿದರ್ಶನವನ್ನು ಕೊಟ್ಟೆನು: ಎದುರಿನವರ ಎದೆಯಲ್ಲಿ ಈಗಾಗಲೇ ಎಷ್ಟು ಭಾರವಿದೆಯೆಂದು ಅರಿಯದವನು ಅದರ ಮೇಲೆ ಒಂದು ಗರಿಯನ್ನೂ ಇಡಬಾರದು.

ಎರಡನೆಯ ಪಕ್ಷ: ‘ಬೀದಿಯು ಎಲ್ಲರದು, ಅಲ್ಲಿ ಚಿತ್ರಿಸಿದರೆ ತಪ್ಪೇನು?’ ಬೀದಿಯು ಎಲ್ಲರದು ನಿಜ. ಬೀದಿಯಲ್ಲಿ ನಡೆಯುವವರ ಮಾನವು ಎಲ್ಲರದಲ್ಲ. ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು ಹೂಡಿದ ಮೊಕದ್ದಮೆಯಲ್ಲಿ, 2017ರ ಆಗಸ್ಟ್ 24ರಂದು ಸರ್ವೋಚ್ಚ ನ್ಯಾಯಾಲಯದ ಒಂಬತ್ತು ನ್ಯಾಯಮೂರ್ತಿಗಳ ಪೀಠವು ಖಾಸಗಿತನವು ಮೂಲಭೂತ ಹಕ್ಕೆಂದು ಸಾರಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ಒಬ್ಬರ ದಾರಿಯನ್ನು ಅಕ್ರಮವಾಗಿ ತಡೆಯುವುದು 126ನೆಯ ಕಲಮಿನಂತೆ, ಮಾತು ಅಥವಾ ಸನ್ನೆಗಳಿಂದ ಹೆಣ್ಣುಮಕ್ಕಳ ಮಾನವನ್ನು ಕೆಣಕುವುದು 79ನೆಯ ಕಲಮಿನಂತೆ ಅಪರಾಧ. 2025ರಲ್ಲಿ ಬೆಂಗಳೂರಿನ ಮೆಟ್ರೋ ರೈಲಿನಲ್ಲಿ ಹೆಣ್ಣುಮಕ್ಕಳನ್ನು ಅವರಿಗರಿಯದಂತೆ ಚಿತ್ರಿಸಿ ಹಂಚಿದವನನ್ನು ಪೊಲೀಸರು ಬಂಧಿಸಿದುದನ್ನು ವಾಚಕರು ಬಲ್ಲರು. ಆದರೆ ಭಕ್ತನು ಕಾನೂನಿನ ಅಂಜಿಕೆಗೆ ಮಾತ್ರ ಒಳ್ಳೆಯವನಾಗಬಾರದು. ಪರಸ್ತ್ರೀಯನ್ನು ತಾಯಿಯೆಂದು ಕಾಣುವ ಕಣ್ಣು ಮೊಬೈಲಿನ ಹಿಂದೆ ನಿಂತೊಡನೆ ಬೇರೆಯಾಗುವುದೇ?

ಮೂರನೆಯ ಪಕ್ಷವು ಸೂಕ್ಷ್ಮವಾದುದು: ‘ಇದು ಜನರ ಮನಸ್ಸಿನ ಪರೀಕ್ಷೆ. ಶಿವನೂ ಭಕ್ತರನ್ನು ವೇಷ ಮರೆಸಿ ಪರೀಕ್ಷಿಸಲಿಲ್ಲವೇ? ಅಲ್ಲಮಪ್ರಭುಗಳು ಅನುಭವ ಮಂಟಪದಲ್ಲಿ ಅಕ್ಕಮಹಾದೇವಿಯನ್ನು ಕಠಿಣವಾದ ಪ್ರಶ್ನೆಗಳಿಂದ ಪರೀಕ್ಷಿಸಲಿಲ್ಲವೇ?’ ಪರೀಕ್ಷಿಸಿದರು. ಆದರೆ ಪರೀಕ್ಷೆಯ ಕೊನೆಯಲ್ಲಿ ಪರೀಕ್ಷಿತರು ಮೊದಲಿಗಿಂತ ಎತ್ತರದಲ್ಲಿ ನಿಂತರು. ಅಕ್ಕನ ಘನತೆಯು ಶರಣರೆಲ್ಲರಿಗೂ ತಿಳಿಯಲೆಂದೇ ಪ್ರಭುಗಳು ಪ್ರಶ್ನಿಸಿದರು. ಕೊನೆಗೆ ಅವಳ ನಿಲವಿಗೆ ತಲೆಬಾಗಿದರು. ಬೀದಿಯ ಪರೀಕ್ಷಕನು ಯಾರ ಮುಂದೆ ತಲೆಬಾಗುತ್ತಾನೆ? ಎತ್ತುವುದು ಪರೀಕ್ಷೆ, ಕೆಡಹುವುದು ಪರಿಹಾಸ.

ನಾಲ್ಕನೆಯ ಪಕ್ಷ: ‘ನಿಂದೆಯನ್ನು ತಾಳಿಕೊಳ್ಳಬೇಕೆಂದು ಶರಣರೇ ಹೇಳಿದ್ದಾರೆ, ನಗೆಯನ್ನು ತಾಳದವರದೇ ತಪ್ಪು.’ ತಾಳ್ಮೆಯು ನಾನು ನನಗೆ ವಿಧಿಸಿಕೊಳ್ಳುವ ವ್ರತವೇ ಹೊರತು ಪರನಿಂದ ವಸೂಲು ಮಾಡುವ ತೆರಿಗೆಯಲ್ಲ. ಉಪವಾಸವು ಪುಣ್ಯವೆಂದು ಇನ್ನೊಬ್ಬನ ತುತ್ತನ್ನು ಕಸಿದುಕೊಳ್ಳಬಹುದೇ? ಎಲ್ಲರೂ ತಾಳುವವರೂ ಅಲ್ಲ. 2023ರಲ್ಲಿ ಅಮೆರಿಕದ ವರ್ಜೀನಿಯದ ಮಾರಾಟ ಮಳಿಗೆಯೊಂದರಲ್ಲಿ ಅಪರಿಚಿತನ ಮುಖಕ್ಕೆ ಮೊಬೈಲು ಹಿಡಿದು ಕೆಣಕಿದ ಚೇಷ್ಟೆಗಾರನು ಗುಂಡೇಟು ತಿಂದು ಬದುಕಿದನು. ಮಗನು ಇಂತಹ ಕೆಲಸಕ್ಕೆ ಹೊರಟರೆ ಅವನ ಜೀವಕ್ಕೂ ಅಂಜಬೇಕಾಗಿದೆ.

ಐದನೆಯ ಪಕ್ಷ: ‘ಬಹಳಷ್ಟು ಚಿತ್ರಗಳು ಮೊದಲೇ ಮಾತಾಡಿಕೊಂಡು ಆಡಿದವು, ಯಾರಿಗೂ ಮೋಸವಿಲ್ಲ.’ ನಾಟಕವನ್ನು ನಾಟಕವೆಂದು ಹೇಳಿ ತೋರಿಸಿದರೆ ದೋಷವಿಲ್ಲ. ನಿಜವೆಂದು ಹೇಳಿ ತೋರಿಸಿದರೆ ಬೀದಿಯವನಿಗೆ ತಪ್ಪಿದ ಮೋಸವು ನೋಡುವವನಿಗೆ ತಗುಲಿತು.

ಇದು ಕಾಯಕವೇ?

‘ಇದರಿಂದ ನಾಲ್ಕು ಕಾಸು ಬರುತ್ತದೆ, ಇದೂ ಒಂದು ಕಾಯಕ’ ಎಂದು ಶಿಷ್ಯನು ಹೇಳಿದನು. ಈ ಮಾತು ನನ್ನನ್ನು ಹೆಚ್ಚು ನೋಯಿಸಿತು. ಏಕೆಂದರೆ ಪದವನ್ನು ಅವನಿಗೆ ಕಲಿಸಿದವನು ನಾನೇ.

ನಮ್ಮ ಲಿಂಗಸುಗೂರು ತಾಲ್ಲೂಕಿನ ಅಮರೇಶ್ವರವು ಆಯ್ದಕ್ಕಿ ಮಾರಯ್ಯ ಮತ್ತು ಲಕ್ಕಮ್ಮನವರ ನೆಲ. ಅವರ ವಚನಗಳ ಅಂಕಿತದಲ್ಲಿರುವುದೂ ಅಮರೇಶ್ವರಲಿಂಗವೇ. ಮಾರಯ್ಯನವರು ಕಲ್ಯಾಣದಲ್ಲಿ, ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ನಡೆಸುತ್ತಿದ್ದರು. ಒಂದು ದಿನ ವಾಡಿಕೆಗಿಂತ ಹೆಚ್ಚಿಗೆ ತಂದಾಗ ಲಕ್ಕಮ್ಮನವರು ಅದನ್ನು ಮುಟ್ಟದೆ, ಹೆಚ್ಚಿನದನ್ನು ಅಲ್ಲಿಯೇ ಸುರಿದು ಬರುವಂತೆ ಪತಿಗೆ ತಿಳಿಹೇಳಿದರು. ಬಸವಣ್ಣನವರೇ ಪರೀಕ್ಷಾರ್ಥವಾಗಿ ಹೆಚ್ಚು ಚೆಲ್ಲಿಸಿದ್ದರೆಂದೂ ಜನರು ಕಥೆ ಹೇಳುವರು. ಹಾಗಿದ್ದರೂ ನೋಡಿರಿ: ಆ ಪರೀಕ್ಷೆಯಲ್ಲಿ ಗೆದ್ದುದು ಬಡವರ ಮನೆ.

ಇದರ ಪಕ್ಕದಲ್ಲಿ ಇನ್ನೊಂದು ದೃಶ್ಯವನ್ನು ಇಡುವೆನು. 2023ರ ಜನವರಿ 24ರಂದು ಬೆಂಗಳೂರಿನ ಕೃಷ್ಣರಾಜ ಮಾರುಕಟ್ಟೆಯ ಮೇಲ್ಸೇತುವೆಯಿಂದ ತರುಣನೊಬ್ಬನು, ಕೋಟು ತೊಟ್ಟು, ಕೊರಳಿಗೆ ಗೋಡೆ ಗಡಿಯಾರವನ್ನು ನೇತುಹಾಕಿಕೊಂಡು, ಹತ್ತು ರೂಪಾಯಿಯ ನೋಟುಗಳನ್ನು ಕೆಳಗಿನ ಜನರ ಮೇಲೆ ಎರಚಿದನು. ಎಲ್ಲ ಸೇರಿ ಸುಮಾರು ಮೂರು ಸಾವಿರ ರೂಪಾಯಿಗಳೆಂದು ವರದಿಯಾಯಿತು. ಜನರು ಮುಗಿಬಿದ್ದರು, ವಾಹನಗಳು ನಿಂತವು, ಮೊಬೈಲುಗಳು ಮೇಲೆದ್ದವು. ಪೊಲೀಸರು ಅವನ ಮೇಲೆ ಮೊಕದ್ದಮೆ ಹೂಡಿದರು. ಅವನು ಕೊಟ್ಟುದು ಹಣವೇ; ಆದರೂ ಅದು ದಾಸೋಹವಾಗಲಿಲ್ಲ. ದಾಸೋಹದಲ್ಲಿ ಕೊಡುವವನು ಕೆಳಗೆ ನಿಲ್ಲುತ್ತಾನೆ, ಕೊಳ್ಳುವವನು ಜಂಗಮಸ್ವರೂಪನಾಗಿ ಮೇಲೆ ಕುಳಿತಿರುತ್ತಾನೆ. ಇಲ್ಲಿ ಕೊಡುವವನು ಸೇತುವೆಯ ಮೇಲೆ, ಕೊಳ್ಳುವವರು ಅದರ ಕೆಳಗೆ. ಬಿದ್ದುದನ್ನು ಆಯುವುದು ಎರಡೂ ಕಡೆ ಒಂದೇ. ಕಲ್ಯಾಣದಲ್ಲಿ ಅದು ವ್ರತ, ಸೇತುವೆಯ ಕೆಳಗೆ ಅದು ನೋಟ.

ಕಾಯಕಕ್ಕೆ ಶರಣರು ಇಟ್ಟ ಕಟ್ಟುಗಳು ಸ್ಪಷ್ಟವಾಗಿವೆ: ಅದು ಸತ್ಯದಿಂದ ಕೂಡಿರಬೇಕು, ಶುದ್ಧವಾಗಿರಬೇಕು, ತನ್ನ ಬೆವರಿನದಾಗಿರಬೇಕು, ಪರರಿಗೆ ಪ್ರಯೋಜನವಾಗಬೇಕು. ಮುದುಕಿಯ ಅಂಜಿಕೆಯನ್ನು ಮಾರಿ ತಂದ ಹಣದಲ್ಲಿ ಬೆವರು ಯಾರದು? ಬಸವಣ್ಣನವರು ಅಂತರಂಗ ಬಹಿರಂಗಗಳ ಶುದ್ಧಿಗೆಂದು ಹೇಳಿದ ಏಳು ನಿಷೇಧಗಳನ್ನು ಎಲ್ಲರೂ ಬಲ್ಲರು. ಒಂದು ಅರೆ ನಿಮಿಷದ ಚೇಷ್ಟೆಯು ಅವುಗಳಲ್ಲಿ ಎಷ್ಟನ್ನು ಮುರಿಯಿತೆಂದು ಎಣಿಸಿರಿ. ಗಿರಾಕಿಯೆಂದು ಬಂದುದು ಹುಸಿ. ಒಪ್ಪಿಗೆಯಿಲ್ಲದೆ ಒಬ್ಬರ ಮುಖವನ್ನೂ ಮಾನವನ್ನೂ ಕೊಂಡೊಯ್ದುದು ಕಳವು. ಅವಳನ್ನು ನಗೆಪಾಟಲು ಮಾಡಿದುದು ಪರರನ್ನು ಹಳಿದುದಕ್ಕೆ ಸಮ. ತನ್ನ ಜಾಣತನವನ್ನು ಸಾವಿರಾರು ಜನರಿಗೆ ತೋರಿಸಿದುದು ಆತ್ಮಪ್ರಶಂಸೆ. ‘ಕದಿಯಲಿಲ್ಲ’ ಎಂದು ಶಿಷ್ಯನು ಹೇಳಿದ ಮಾತು ಇಲ್ಲಿ ನಿಲ್ಲಲಿಲ್ಲ.

ನೋಡುವವನ ಪಾಲು

ಮಾಡುವವನು, ಮಾಡಿಸುವವನು, ಹುರಿದುಂಬಿಸುವವನು, ಒಪ್ಪಿ ತಲೆದೂಗುವವನು, ಈ ನಾಲ್ವರೂ ಕರ್ಮಫಲಕ್ಕೆ ಪಾಲುಗಾರರೆಂದು ನಮ್ಮ ಹಿರಿಯರು ಹೇಳಿರುವರು. ಇಲ್ಲಿ ನೋಡುವವನು ಬರಿಯ ಸಾಕ್ಷಿಯಲ್ಲ. ಅವನ ಒಂದೊಂದು ನೋಟವೂ ಲೆಕ್ಕಕ್ಕೆ ಸೇರಿ ಚೇಷ್ಟೆಗಾರನಿಗೆ ಕೂಲಿಯಾಗುತ್ತದೆ. ಒಂದನ್ನು ಕೊನೆಯವರೆಗೆ ನೋಡಿದರೆ ಮೊಬೈಲಿನ ಯಂತ್ರವು ಅಂತಹುದೇ ಇನ್ನೊಂದನ್ನು ಮುಂದೆ ತಂದಿಡುತ್ತದೆ. ಬುಟ್ಟಿಯಲ್ಲಿ ಹಾವನ್ನಿಟ್ಟ ಕೈಗೆ ಬೆಲೆ ಕೊಟ್ಟವರು ಜಗಲಿಯ ಮೇಲೆ ಕುಳಿತ ನಾವು. ಭೃತ್ಯಾಚಾರವೆಂದರೆ ಎಲ್ಲರಿಗಿಂತ ನಾನು ಕಿರಿಯನೆಂಬ ನಡೆ. ಗಣಾಚಾರವೆಂದರೆ ಶರಣಸಮೂಹಕ್ಕೆ ಅವಮಾನವಾದಲ್ಲಿ ಸುಮ್ಮನಿರದ ನಡೆ. ಮುದುಕಿಯು ಬಿದ್ದಾಗ ನಕ್ಕ ನಾನು ಒಂದನ್ನು ಮರೆತೆನು, ಸುಮ್ಮನಿದ್ದು ಇನ್ನೊಂದನ್ನು ಮರೆತೆನು.

ಗೃಹಸ್ಥರಿಗೆ

ಮಕ್ಕಳನ್ನು ಗದರಿಸಿ ಮೊಬೈಲು ಕಸಿದುಕೊಂಡರೆ ಕೆಲಸವು ಮುಗಿಯದು. ಅವರ ಮುಂದೆ ಐದು ಪ್ರಶ್ನೆಗಳನ್ನು ಇಡಿರಿ. ಉತ್ತರವನ್ನು ಅವರೇ ಹೇಳಲಿ.

ಒಂದು, ವೇಷವನ್ನು ಅಲ್ಲಿಯೇ, ಆಗಲೇ ಕಳಚುವೆಯೋ? ಎರಡು, ಗುರಿಯಾದವರು ನಿನ್ನೊಡನೆ ನಗುವರೋ? ಮೂರು, ನಿನಗೆ ಸಮಾನರಾದವರನ್ನು ಆರಿಸಿರುವೆಯೋ, ಅಥವಾ ತಿರುಗಿ ಬೀಳಲಾರದ ಮುದುಕರು, ಕೂಲಿಕಾರರು, ಹೆಣ್ಣುಮಕ್ಕಳು, ಬುದ್ಧಿ ಬಲಿಯದವರನ್ನೋ? ನಾಲ್ಕು, ಹಂಚುವ ಮುನ್ನ ಅವರಿಗೆ ತೋರಿಸಿ ಒಪ್ಪಿಗೆ ಪಡೆದೆಯೋ, ಬೇಡವೆಂದರೆ ಅಳಿಸುವೆಯೋ? ಐದು, ಬುಟ್ಟಿಯ ಹಿಂದೆ ನಿನ್ನ ತಾಯಿಯು ಕುಳಿತಿದ್ದರೂ ಇದನ್ನೇ ಮಾಡುತ್ತಿದ್ದೆಯೋ? ಈ ಐದನ್ನೂ ದಾಟಿದ ವಿನೋದವಿದ್ದರೆ ಧಾರಾಳವಾಗಿ ಮಾಡಲಿ, ನಾವೂ ನೋಡಿ ನಗೋಣ.

ಹಿರಿಯರಿಗೂ ಒಂದು ನಿಯಮವುಂಟು: ಬಿದ್ದವರ ಚಿತ್ರವು ಬಂದರೆ ನಿಮ್ಮ ಕೈಯಲ್ಲಿಯೇ ಅದು ನಿಲ್ಲಲಿ, ಮುಂದಕ್ಕೆ ಹೋಗದಿರಲಿ. ಜಗಲಿಯಲ್ಲಿ ತೋರಿಸಲು ಬಂದವರಿಗೆ ‘ಇವರು ಯಾರೆಂದು ಗೊತ್ತೇ?’ ಎಂದು ಒಮ್ಮೆ ಕೇಳಿರಿ. ಬಹ್ವಂಶ ನಗೆಯು ಅಷ್ಟಕ್ಕೇ ನಿಲ್ಲುತ್ತದೆ.

ಶಿಷ್ಯನ ಸಂಗತಿಯನ್ನು ಹೇಳಿ ಮುಗಿಸುವೆನು. ಅವನು ವಾದದಲ್ಲಿ ಸೋಲಲಿಲ್ಲ, ಒಪ್ಪಲೂ ಇಲ್ಲ. ಆ ತಾಯಿಯು ಮೂರು ವಾರಗಳಿಂದ ಸಂತೆಗೆ ಬಂದಿಲ್ಲವೆಂದು ಕೇಳಿದಾಗ ಮಾತ್ರ ತಲೆ ತಗ್ಗಿಸಿದನು. ತನ್ನ ತಾಯಿಯನ್ನು ಕರೆದುಕೊಂಡು ಅವಳ ಮನೆಗೆ ಹೋದನು; ನಾನೂ ಜೊತೆಗಿದ್ದೆನು. ಕಾಲಿಗೆ ಬಿದ್ದು ಐದು ನೂರು ರೂಪಾಯಿಯ ನೋಟನ್ನು ಮುಂದಿಟ್ಟನು. ಅವಳು ಹೀಗೆಂದಳು: ‘ನಗಬ್ಯಾಡ ಅಂತ ನಾ ಅನ್ನಂಗಿಲ್ಲ ಯಪ್ಪಾ. ನಾ ಅಂಜಿದ್ದು ನಿನಗಷ್ಟ ಕಂಡಿದ್ರ ನಾನೂ ನಗತಿದ್ದೆ. ಊರಿಗೆಲ್ಲಾ ತೋರಿಸಿದಿ. ಮೊಮ್ಮಗಳಿಗೆ ಸಾಲ್ಯಾಗ ಹುಡುಗ್ರು ಹಾವಿನಜ್ಜಿ ಮೊಮ್ಮಗಳು ಅಂತಾರ.’ ಬಳಿಕ ನೋಟನ್ನು ಹಿಂದಕ್ಕೆ ಸರಿಸಿ, ಚರಂಡಿಗೆ ಬಿದ್ದ ಸೊಪ್ಪಿನ ಬೆಲೆ ಅರವತ್ತು ರೂಪಾಯಿಗಳನ್ನು ಮಾತ್ರ ಎಣಿಸಿ ಕೇಳಿ ಪಡೆದಳು. ‘ಚೆಲ್ಲಿದ್ದು ಇಷ್ಟ’ ಎಂದಳು.

ಅಮರೇಶ್ವರದ ಲಕ್ಕಮ್ಮನವರ ನೆಲದಲ್ಲಿ ಹುಟ್ಟಿದವಳಿಗೆ ಯಾರೂ ಪಾಠ ಹೇಳಬೇಕಾಗಿಲ್ಲ. ಶಿಷ್ಯನು ಚಿತ್ರವನ್ನು ಅಳಿಸಿದನು. ಅದರ ಪ್ರತಿಗಳು ಎಲ್ಲೆಲ್ಲಿವೆಯೋ ಶಿವನೇ ಬಲ್ಲನು. ನಿಮ್ಮಲ್ಲಿ ಯಾರ ಮೊಬೈಲಿಗಾದರೂ ಅದು ಬಂದಿದ್ದರೆ, ಈ ಪಾಠವನ್ನು ಓದಿದ ಮೇಲೆ ಅಳಿಸಿಬಿಡಿರೆಂದು ಬೇಡಿಕೊಳ್ಳುವೆನು. ಆ ತಾಯಿಯು ಈಗ ಮತ್ತೆ ಸಂತೆಗೆ ಬರುತ್ತಿದ್ದಾಳೆ. ಬುಟ್ಟಿಗೆ ಕೈಯಿಡುವ ಮುನ್ನ ಮಾತ್ರ ಒಮ್ಮೆ ಅಲುಗಿಸಿ ನೋಡುತ್ತಾಳೆ.